ಗ್ಲೂಕೋಸ್ ಕೋಶದೊಳಗೆ ಸೇರುವ ಚಿತ್ರ ಬಿಡಿಸುವುದು ಹೇಗೆ?

ಈ ಚಿತ್ರವನ್ನು ವಿದ್ಯಾರ್ಥಿಗಳೂ ಕಲಿಸುವವರೂ ಒಂದೇ ರೀತಿ ಕೆಡಿಸುತ್ತಾರೆ: ಕೋಶಪೊರೆಗೊಂದು ಬಾಗಿಲು, ಬಾಗಿಲಿಗೊಂದು ಬೀಗ, ಕೀಲಿ ಹಿಡಿದು ನಿಂತ ಇನ್ಸುಲಿನ್. ನೋಡಲು ಚೆಂದ, ವಿಷಯ ತಪ್ಪು. ಒಂದು ಸ್ನಾಯುಕೋಶವನ್ನು ತೆಗೆದುಕೊಳ್ಳಿ.

1. ಪೆನ್ಸಿಲ್ಲಿನಲ್ಲಿ ಕೋಶಪೊರೆ, ಒಳಗೆ ಕೋಶಕೇಂದ್ರ. ಸ್ಕೆಚ್ ಪೆನ್ ಬೇಡವೇ ಬೇಡ. ಮೂರನೇ ಹಂತದಲ್ಲಿ ಅಳಿಸುವುದು ಇದ್ದೇ ಇದೆ.

2. ಕೋಶಕೇಂದ್ರದಲ್ಲಿ ಎಸ್‌ಎಲ್‌ಸಿ2ಎ4 ಜೀನ್ ಗುರುತಿಸಿ. ಮನುಷ್ಯರಲ್ಲಿ ಗ್ಲುಟ್ ಎಂಬ ಸಾಗಣೆ ಪ್ರೋಟೀನ್‌ಗಳ ಕುಟುಂಬಕ್ಕೆ 14 ಜೀನ್‌ಗಳಿವೆ. ಅವುಗಳಲ್ಲಿ ಈ ಜೀನ್ ಇರುವುದು 17ನೇ ಕ್ರೋಮೋಸೋಮಿನಲ್ಲಿ. ಜೀನ್ ಗ್ಲೂಕೋಸನ್ನು ಮುಟ್ಟುವುದಿಲ್ಲ. ಅದರಿಂದ ಎಂಆರ್‌ಎನ್‌ಎ ಎಂಬ ನಕಲು, ಅದರಂತೆ ಪ್ರೋಟೀನ್ ಕಟ್ಟುವ ರೈಬೋಸೋಮಿನಲ್ಲಿ 509 ಅಮೈನೋ ಆಮ್ಲಗಳ ಗ್ಲುಟ್4 ಎಂಬ ಪ್ರೋಟೀನ್. ಗ್ಲೂಕೋಸನ್ನು ಪೊರೆ ದಾಟಿಸುವುದು ಇದೇ.

3. ಎಲ್ಲರೂ ಎಡವುವುದು ಇಲ್ಲೇ. ತಯಾರಾದ ಗ್ಲುಟ್4 ಅನ್ನು ಸೀದಾ ಪೊರೆಯಲ್ಲಿ ಕೂರಿಸಬೇಡಿ. ಇನ್ಸುಲಿನ್ ಕಡಿಮೆ ಇರುವಾಗ ಅದರ ಬಹುಪಾಲು ಕೋಶದ ಒಳಗೇ, ಕಿರುಚೀಲಗಳ ಗೋಡೆಯಲ್ಲಿ ಇರುತ್ತದೆ. ಇನ್ಸುಲಿನ್ ಹೊರಗಿನಿಂದ, ಪೊರೆಯಲ್ಲಿರುವ ತನ್ನ ಗ್ರಾಹಕ ಪ್ರೋಟೀನಿಗೆ ಅಂಟುತ್ತದೆ. ಗ್ಲುಟ್4ರ ತಂಟೆಗೆ ಹೋಗುವುದಿಲ್ಲ. ಗ್ರಾಹಕದಿಂದ ಸಂಕೇತ ಪಿಐ3ಕೆ ಎಂಬ ಕಿಣ್ವಕ್ಕೆ, ಅಲ್ಲಿಂದ ಎಕೆಟಿ ಎಂಬ ಇನ್ನೊಂದು ಕಿಣ್ವಕ್ಕೆ. ಎಕೆಟಿಯು ಎಎಸ್160 ಎಂಬ ಪ್ರೋಟೀನ್ ಒಡ್ಡಿದ್ದ ತಡೆಯನ್ನು ತೆಗೆಯುತ್ತದೆ. ಆಗ ಕಿರುಚೀಲಗಳು ಅಂಚಿಗೆ ಬಂದು ಪೊರೆಯೊಂದಿಗೆ ಬೆಸೆದುಕೊಳ್ಳುತ್ತವೆ. ಇದೆಲ್ಲ ನಿಮಿಷಗಳ ಕೆಲಸ. ಇರುವ ಗ್ಲುಟ್4 ಜಾಗ ಬದಲಿಸುತ್ತದೆಯೇ ಹೊರತು ಹೊಸದು ತಯಾರಾಗಲು ಯಾರೂ ಕಾಯುವುದಿಲ್ಲ. ಆದ್ದರಿಂದ ಇನ್ಸುಲಿನ್‌ನಿಂದ ಜೀನಿನ ಕಡೆಗೆ ಬಾಣ ಎಳೆದಿದ್ದರೆ ಈಗಲೇ ಅಳಿಸಿ. ಇನ್ಸುಲಿನ್ ಇಳಿದಾಗ ಗ್ಲುಟ್4 ಒಳಕ್ಕೆ ಮರಳುವ ಬಾಣವನ್ನು ಮರೆಯಬೇಡಿ. ವ್ಯಾಯಾಮ ಮಾಡುವಾಗ ಸ್ನಾಯು ಇನ್ಸುಲಿನ್ನಿನ ಹಂಗಿಲ್ಲದೆಯೂ ಗ್ಲುಟ್4 ಅನ್ನು ಪೊರೆಗೆ ಕರೆಸಿಕೊಳ್ಳುತ್ತದೆ. ಅದಕ್ಕೆ ಬೇರೆ ಬಣ್ಣದ ಬಾಣ ಇರಲಿ.

ಸಿದ್ಧ ಚಾರ್ಟ್ ನೋಡಿ ನಕಲು ಮಾಡುವವರಿಗೆ ಒಂದು ಮಾತು. ಅವುಗಳಲ್ಲಿ ಕೆಲವು ಸಿಕ್ಕ ಸಿಕ್ಕ ಕೋಶಕ್ಕೆಲ್ಲ ಇನ್ಸುಲಿನ್ ಅಂಟಿಸುತ್ತವೆ. ಕೆಂಪು ರಕ್ತಕಣಕ್ಕೆ ಗ್ಲುಟ್1, ನರಕೋಶಕ್ಕೆ ಮುಖ್ಯವಾಗಿ ಗ್ಲುಟ್3 ಇದೆ. ಎರಡೂ ಇನ್ಸುಲಿನ್ ಅಪ್ಪಣೆಗೆ ಕಾಯುವುದಿಲ್ಲ.

4. ಗ್ಲುಟ್ ಅನ್ನು ಕೊಳವೆಯಂತೆ ಬಿಡಿಸಬೇಡಿ. ಪೊರೆಯನ್ನು 12 ಬಾರಿ ಹಾದುಹೋಗುವ ಈ ಪ್ರೋಟೀನ್ ಹೊರಕ್ಕೆ ತೆರೆದಾಗ ಒಳಕ್ಕೆ ಮುಚ್ಚಿರುತ್ತದೆ, ಒಳಕ್ಕೆ ತೆರೆದಾಗ ಹೊರಕ್ಕೆ. ಎರಡು ಭಂಗಿಗಳನ್ನೂ ಪಕ್ಕಪಕ್ಕ ಬಿಡಿಸಿ. 2014ರಲ್ಲಿ ಮನುಷ್ಯರ ಗ್ಲುಟ್1ರ ರಚನೆಯೇ ಪ್ರಕಟವಾಗಿರುವಾಗ ಕೊಳವೆ ಎಳೆಯುವುದು ಸೋಮಾರಿತನ. ಗ್ಲೂಕೋಸ್ ಹೆಚ್ಚಿರುವ ಕಡೆಯಿಂದ ಕಡಿಮೆ ಇರುವ ಕಡೆಗೆ ತಾನಾಗಿ ಸಾಗುವುದರಿಂದ ಈ ದಾಟುವಿಕೆಯ ಪಕ್ಕದಲ್ಲಿ ಎಟಿಪಿ (ಕೋಶಕ್ಕೆ ಶಕ್ತಿ ಒದಗಿಸುವ ಅಣು) ಎಂದು ಬರೆಯಬೇಡಿ.

5. ಒಳಬಂದ ಗ್ಲೂಕೋಸಿಗೆ ಹೆಕ್ಸೋಕೈನೇಸ್ ಎಂಬ ಕಿಣ್ವ ಒಂದು ಫಾಸ್ಫೇಟ್ ಸೇರಿಸುತ್ತದೆ. ಮತ್ತೆ ಅದು ಗ್ಲುಟ್ ಮೂಲಕ ಹೊರಹೋಗಲಾರದು. ಆ ಫಾಸ್ಫೇಟ್ ಎಟಿಪಿಯದೇ. ಕೈ ತುರಿಸುತ್ತಿದ್ದರೆ ಎಟಿಪಿಯನ್ನು ಇಲ್ಲಿ ಬರೆಯಿರಿ.