ದಿನಗೂಲಿಯವರ ಕೇಸು: ಹಾಜರಿಯಲ್ಲಿ ಇಲ್ಲದ ದಿನಗಳು

ಧಾರವಾಡದ ಹೈಕೋರ್ಟ್ ಪೀಠದಲ್ಲಿ ದಿನಗೂಲಿ ನೌಕರರ ಕೇಸು ನಡೆಸುವುದು ನನ್ನ ಕೆಲಸ. ಬರುವವರೆಲ್ಲ ಶುರು ಮಾಡುವುದು ಒಂದೇ ಮಾತಿನಿಂದ: "ಸರ, ಇಷ್ಟ ವರ್ಷ ದುಡದೀನ್ರಿ, ಇನ್ನೂ ಖಾಯಂ ಆಗಿಲ್ಲ." ನಾನು ತಿರುಗಿ ಕೇಳುವುದು ಬೇರೆ. ಹುದ್ದೆ ಮಂಜೂರಾದದ್ದಾ? ಖಾಲಿ ಇತ್ತಾ? ನಡುವೆ ತಡೆಯಾಜ್ಞೆ ತಂದು ಕೆಲಸದಲ್ಲಿ ಉಳಿದಿದ್ರಾ?

ಇವೆಲ್ಲ ನಮ್ಮ ರಾಜ್ಯದ್ದೇ ಆದ ಉಮಾದೇವಿ ಪ್ರಕರಣದ ಪ್ರಶ್ನೆಗಳು. 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ, ನೇಮಕಾತಿ ನಿಯಮ ಬಿಟ್ಟು ಬಂದವರಿಗೆ ಖಾಯಂ ಆಗುವ ಹಕ್ಕಿಲ್ಲ ಎಂದಿತು. ಆದರೂ ಒಂದು ಕಿಂಡಿ ಬಿಟ್ಟಿತು. ಅರ್ಹತೆ ಇದ್ದು, ಮಂಜೂರಾದ ಖಾಲಿ ಹುದ್ದೆಯಲ್ಲಿ, ಕೋರ್ಟ್ ಆದೇಶದ ಆಸರೆ ಇಲ್ಲದೆ 10 ವರ್ಷ ದುಡಿದವರನ್ನು ಒಂದು ಸಲದ ಮಟ್ಟಿಗೆ ಸಕ್ರಮ ಮಾಡಿ ಎಂದಿತು. ಅಂದರೆ ತಡೆಯಾಜ್ಞೆಯ ಮೇಲೆ ಕಳೆದ ವರ್ಷಗಳು ಲೆಕ್ಕಕ್ಕಿಲ್ಲ. ಕೆಲಸ ಉಳಿಸಿಕೊಳ್ಳಲು ಕೋರ್ಟಿಗೆ ಹೋದದ್ದೇ ಮುಳುವಾಗುತ್ತದೆ. ನನಗಂತೂ ಇದು ಒಪ್ಪಿಗೆಯಿಲ್ಲ, ಆದರೆ ವಾದ ಮಾಡುವಾಗ ನನ್ನ ಒಪ್ಪಿಗೆ ಯಾರಿಗೆ ಬೇಕು? 2010ರ ಕೇಸರಿ ಪ್ರಕರಣ ಸ್ವಲ್ಪ ಉಸಿರು ಕೊಟ್ಟಿತು. ಆಗ ಅರ್ಹರಿದ್ದವರನ್ನು ಇಲಾಖೆ ಪರಿಶೀಲಿಸದೆ ಬಿಟ್ಟಿದ್ದರೆ ಅವರ ಹಕ್ಕು ಹಾಗೇ ಉಳಿಯುತ್ತದೆ.

ಒಬ್ಬ ಪಂಪ್ ಆಪರೇಟರ್ ಬಂದಿದ್ದರು. ಸಣ್ಣ ಊರಿನ ನೀರು ಸರಬರಾಜು, 1993ರಲ್ಲಿ ಸೇರಿದವರು. ಮೊದಲು ಮಾಹಿತಿ ಹಕ್ಕಿನ ಅರ್ಜಿ ಹಾಕಿಸಿದೆ. ಹತ್ತು ರೂಪಾಯಿ ಶುಲ್ಕ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದ. ಹಾಗಾಗಿ ಬೇರೆ ಬೇರೆ ಅರ್ಜಿ: ಒಂದರಲ್ಲಿ ಮಂಜೂರಾದ ಮತ್ತು ಖಾಲಿ ಹುದ್ದೆಗಳ ವರ್ಷವಾರು ಪಟ್ಟಿ, ಇನ್ನೊಂದರಲ್ಲಿ ಹಾಜರಿ ಪಟ್ಟಿ. ದೃಢೀಕೃತ ನಕಲನ್ನೇ ಕೇಳಬೇಕು. ಮೊಬೈಲಲ್ಲಿ ಸುಮ್ನೆ ಫೋಟೊ ಹೊಡೆದುಕೊಂಡು ಬಂದರೆ ಸಾಲದು.

ಹಾಜರಿ ಪಟ್ಟಿ ಬಂತು. ಮೂರು ತಿಂಗಳಿಗೊಮ್ಮೆ ಎರಡು ದಿನ ಇವರ ಹೆಸರೇ ಇಲ್ಲ. ಸೇವೆ ತುಂಡಾಗಿದೆ ಅಂತ ಆಮೇಲೆ ಹೇಳಲು ಮಾಡುವ ಹಳೇ ಉಪಾಯ ಇದು. ಆಗ ಪಂಪ್‌ಹೌಸಿನ ಲಾಗ್ ಬುಕ್ ಕೇಳಿ ಮತ್ತೊಂದು ಅರ್ಜಿ ಹಾಕಿದೆವು. ನಕಲಿನಲ್ಲೂ ಎಣ್ಣೆ ಕಲೆ ಕಪ್ಪಗೆ ಕಾಣುತ್ತಿತ್ತು. ಮೋಟರ್ ಚಾಲೂ ಆದ ಹೊತ್ತು, ಬಂದ್ ಆದ ಹೊತ್ತು, ವೋಲ್ಟೇಜ್, ಕೊನೆಗೆ ಸಹಿ. ಹಾಜರಿಯಲ್ಲಿ ಇಲ್ಲದ ದಿನವೂ ಬೆಳಿಗ್ಗೆ ಐದಕ್ಕೆ ಇವರದೇ ಸಹಿ! ಊರಿಗೆ ನೀರು ಬಂದಿದೆ ಅಂದಮೇಲೆ ಯಾರೋ ಮೋಟರ್ ಹಾಕಿರಲೇಬೇಕಲ್ವಾ?

ಪ್ರೇಯರ್, ಅಂದರೆ ಕೋರ್ಟಿನಲ್ಲಿ ಕೇಳುವ ಬೇಡಿಕೆ, ಬರೆಯುವಾಗ ಬರೀ "ಖಾಯಂ ಮಾಡಿ" ಅಂತ ನಾನು ಬರೆಯುವುದಿಲ್ಲ. ಜೊತೆಗೆ, ಅದೇ ಕೆಲಸದ ಖಾಯಂ ನೌಕರನ ವೇತನ ಶ್ರೇಣಿಯ ಕನಿಷ್ಠ ಸಂಬಳ ಕೊಡಿ ಎಂದೂ ಕೇಳುತ್ತೇನೆ. ಇದಕ್ಕೆ 2016ರ ಜಗಜಿತ್ ಸಿಂಗ್ ತೀರ್ಪು ಆಧಾರ. ಖಾಯಂ ಮಾತು ಎಳೆದಾಡಿದರೂ ಸಂಬಳದ ಬೇಡಿಕೆ ನಿಲ್ಲಬಹುದು. 2024ರ ಡಿಸೆಂಬರ್‌ನಲ್ಲಿ ಬಂದ ಜಗ್ಗೊ ತೀರ್ಪನ್ನು ಈಗ ತಪ್ಪದೆ ಲಗತ್ತಿಸುತ್ತೇನೆ. ವರ್ಷಗಟ್ಟಲೆ ನಿರಂತರ ಕೆಲಸ ಮಾಡಿಸಿಕೊಂಡು, ಉಮಾದೇವಿ ತೀರ್ಪು ತೋರಿಸಿ ಹೊರಗೆ ಕಳಿಸುವುದನ್ನು ಸುಪ್ರೀಂ ಕೋರ್ಟೇ ಅದರಲ್ಲಿ ಟೀಕಿಸಿದೆ.

ಹೈಕೋರ್ಟಿಗೆ ಹಾಕುವ ಮೊದಲ ರಿಟ್ ಅರ್ಜಿಯಲ್ಲಿ ಸಾಮಾನ್ಯವಾಗಿ ಸಿಗುವುದು, ಇವರ ಮನವಿಯನ್ನು "ಪರಿಗಣಿಸಿ" ಎಂದು ಇಲಾಖೆಗೆ ಹೇಳುವ ಆದೇಶ ಅಷ್ಟೇ. ಕಕ್ಷಿದಾರರು ಪೇಡೆ ಹಂಚುತ್ತಾರೆ, ನಾನು ಹಿಂಬರಹಕ್ಕೆ, ಅಂದರೆ ಇಲಾಖೆಯ ಲಿಖಿತ ಉತ್ತರಕ್ಕೆ, ಕಾಯುತ್ತೇನೆ. ಇವರಿಗೂ ಬಂತು: ಸೇವೆ ನಿರಂತರವಾಗಿಲ್ಲ, ಮನವಿ ತಿರಸ್ಕರಿಸಿದೆ. ಲಾಗ್ ಬುಕ್ ಬಗ್ಗೆ ಒಂದಕ್ಷರ ಇಲ್ಲ. ಅದೇ ನಮಗೆ ಅನುಕೂಲವಾಯಿತು. ಕೊಟ್ಟ ದಾಖಲೆಯನ್ನು ನೋಡದೆ ಬರೆದ ಹಿಂಬರಹ ನಿಲ್ಲುವುದು ಕಷ್ಟ. ಎರಡನೇ ರಿಟ್‌ನಲ್ಲಿ ಕೋರ್ಟು ಅದನ್ನು ರದ್ದು ಮಾಡಿ, ದಾಖಲೆ ನೋಡಿ ಹೊಸದಾಗಿ ತೀರ್ಮಾನಿಸಿ ಎಂದಿತು. ಅವರಿಗೆ ಅರವತ್ತು ಹತ್ತಿರ ಬಂದಿದೆ. ಹಾಗಾಗಿ ಹೊಸ ಮನವಿಯಲ್ಲಿ, ಹಳೆಯ ಸೇವೆಯನ್ನು ಪೆನ್ಷನ್‌ಗೆ ಲೆಕ್ಕ ಹಿಡಿಯಬೇಕು ಅನ್ನುವುದನ್ನೂ ಸೇರಿಸಿ ಕೊಟ್ಟಿದ್ದೇವೆ.