ಅಮ್ಮನ ಮೌನ ನನ್ನ ಮಗನಿಗೆ ದಾಟದಂತೆ

ಅಮ್ಮ ನನ್ನ ಮೇಲೆ ಎಂದೂ ಕೈ ಎತ್ತಿದವಳಲ್ಲ. ತಪ್ಪು ಮಾಡಿದಾಗ ಮಾತು ಬಿಡುತ್ತಿದ್ದಳು, ಒಮ್ಮೊಮ್ಮೆ 3 ದಿನಗಳವರೆಗೆ. ಆ ದಿನಗಳಲ್ಲಿಯೂ ಊಟ ಬಡಿಸುವುದನ್ನಾಗಲಿ, ಜ್ವರ ಬಂದರೆ ರಾತ್ರಿಯಿಡೀ ಹಣೆಗೆ ಒದ್ದೆ ಬಟ್ಟೆ ಹಾಕುವುದನ್ನಾಗಲಿ ತಪ್ಪಿಸುತ್ತಿರಲಿಲ್ಲ, ಆದರೆ ಮುಖ ನೋಡುತ್ತಿರಲಿಲ್ಲ. ಜಡೆ ಹೆಣೆಯುವಾಗ ಅವಳ ಬೆರಳುಗಳು ಬಿಗಿಯಾಗಿವೆಯೋ ಸಡಿಲವಾಗಿವೆಯೋ ಎಂಬುದರಿಂದಲೇ ಸಿಟ್ಟು ಎಷ್ಟು ಇಳಿದಿದೆ ಎಂದು ಅಳೆಯುವುದನ್ನು ನಾನು 8 ವರ್ಷಕ್ಕೇ ಕಲಿತಿದ್ದೆ.

ಆ ಅಭ್ಯಾಸ ದೊಡ್ಡವಳಾದ ಮೇಲೂ ಬಿಡಲಿಲ್ಲ. ಗಂಡ ಸುಮ್ಮನೆ ಕುಳಿತಿದ್ದರೂ ಎದೆ ಹೊಡೆದುಕೊಳ್ಳುತ್ತಿತ್ತು. ಮಾಡದ ತಪ್ಪಿಗೂ ಕ್ಷಮೆ ಕೇಳುತ್ತಿದ್ದೆ.

ಮಗನಿಗೆ 6 ವರ್ಷವಾಗಿದ್ದಾಗ, ಸುಳ್ಳು ಹೇಳಿದನೆಂದು ಒಂದು ಸಂಜೆಯೆಲ್ಲ ಅವನನ್ನು ಮಾತನಾಡಿಸಲಿಲ್ಲ. ಅವನು ತಾನು ಬರೆದ ಚಿತ್ರ ತಂದು ತೋರಿಸಿದ, ಕೇಳದಿದ್ದರೂ ಒಂದು ಲೋಟ ನೀರು ತಂದಿಟ್ಟ, ಆಮೇಲೆ ಬಾಗಿಲ ಬಳಿ ನಿಂತು ನನ್ನ ಮುಖವನ್ನೇ ಅಳೆಯತೊಡಗಿದ. ಆ ನೋಟ ನನ್ನದೇ ಆಗಿತ್ತು.

1970ರ ದಶಕದಲ್ಲಿ ಮನೋವಿಜ್ಞಾನಿ ಎಡ್ವರ್ಡ್ ಟ್ರಾನಿಕ್ ನಡೆಸಿದ ಪ್ರಯೋಗದ ಬಗ್ಗೆ ಓದಿದ್ದು ಆನಂತರ. ಆಡಿಸುತ್ತಿದ್ದ ತಾಯಿ ಕೆಲವು ನಿಮಿಷ ಮುಖದಲ್ಲಿ ಯಾವ ಭಾವವನ್ನೂ ತೋರದೆ ಕುಳಿತರೆ, ಕೆಲವೇ ತಿಂಗಳ ಕೂಸು ಕೂಡ ನಕ್ಕು, ಕೈಚಾಚಿ ಅವಳನ್ನು ಕರೆಯಲು ನೋಡುತ್ತದೆ. ಫಲಿಸದಿದ್ದರೆ ಮುಖ ತಿರುಗಿಸಿಕೊಳ್ಳುತ್ತದೆ. ತಾಯಿ ಮತ್ತು ಮಗುವಿನ ನಡುವೆ ತಾಳ ತಪ್ಪುವುದು ಸಹಜ, ತಪ್ಪಿದ್ದನ್ನು ಮತ್ತೆ ಕೂಡಿಸಿಕೊಳ್ಳುವುದೇ ಮುಖ್ಯ ಎಂಬ ಅವರ ಮಾತು ನನಗೆ ದಾರಿಯಾಯಿತು.

ಸಿಟ್ಟು ಬಂದರೆ ಬಂದಿದೆ ಎಂದೇ ಹೇಳಿ, "10 ನಿಮಿಷ ಬಿಟ್ಟು ಬರ್ತೀನಿ ಕಂದ" ಎಂದು ಎದ್ದು ಹೋಗಿ, ಹೇಳಿದ ಹೊತ್ತಿಗೆ ಮರಳುವುದನ್ನು ರೂಢಿಸಿಕೊಂಡೆ. ಹೋಗುವುದು ಸುಲಭವಿತ್ತು, ಮರಳುವುದೇ ಕಷ್ಟ. ಗಂಟಲು ಕಟ್ಟಿ ಮಾತು ಹೊರಡದಿದ್ದಾಗ ಅವನ ಪಕ್ಕದಲ್ಲಿ ಕುಳಿತು ಕೈ ಹಿಡಿದುಕೊಳ್ಳುತ್ತಿದ್ದೆ. ಹಲವು ತಿಂಗಳ ನಂತರವೇ ಅವನು ನನ್ನ ಮುಖ ನೋಡುತ್ತಾ ಕಾಯುವುದನ್ನು ಬಿಟ್ಟು ಆಟಕ್ಕೆ ಹೋಗತೊಡಗಿದ್ದು.

ಅಮ್ಮನನ್ನು ಒಮ್ಮೆ ಕೇಳಿಯೇಬಿಟ್ಟೆ. "ನಮ್ಮಮ್ಮ ಬೈದ ಮಾತು ಇವತ್ತಿಗೂ ಮರೆತಿಲ್ಲ ಕಣೆ. ನಾನೂ ಬಾಯಿ ಬಿಟ್ಟರೆ ನಿನಗೆ ಏನು ಅಂದುಬಿಡ್ತೀನೋ ಅಂತ ಹೆದರಿಕೆ" ಎಂದಳು. ನನ್ನನ್ನು ಕಾಪಾಡಲೆಂದೇ ಅವಳು ಬಾಯಿ ಕಟ್ಟಿಕೊಂಡಿದ್ದಳು.

ಈಗಲೂ ಅಮ್ಮ ಮಾತು ಬಿಡುತ್ತಾಳೆ. ಆಗ ನಾನು ಬಾಚಣಿಗೆ ಹಿಡಿದು ಅವಳ ಹಿಂದೆ ಕುಳಿತು, ನರೆತ ಕೂದಲನ್ನು ಬಿಡಿಸುತ್ತಾ, ಅಂದಿನ ಸುದ್ದಿಯನ್ನೆಲ್ಲ ಹೇಳುತ್ತಾ ಹೋಗುತ್ತೇನೆ.