ಸಾಂಕ್ರಾಮಿಕ ಬರುವ ಮೊದಲು ಹಳೆಯ ಕಾಯಿಲೆಗಳನ್ನು ಹತೋಟಿಗೆ ತರುವುದು ಹೇಗೆ?

ಕೋವಿಡ್ ಅಲೆಗಳಲ್ಲಿ ಒಂದೇ ಮನೆಯ ಒಬ್ಬರು ಜ್ವರ, ಕೆಮ್ಮಿನಲ್ಲೇ ಚೇತರಿಸಿಕೊಂಡು ಇನ್ನೊಬ್ಬರು ಐಸಿಯು ಸೇರಿದ್ದನ್ನು ಮಂಗಳೂರು, ಉಡುಪಿಯವರು ಕಂಡಿದ್ದಾರೆ. ವಯಸ್ಸಿನ ಜೊತೆಗೆ ಇದಕ್ಕೆ ದೊಡ್ಡ ಕಾರಣ, ಮೊದಲೇ ಇದ್ದ ಕಾಯಿಲೆಗಳು. 2021ರ ಮಾರ್ಚ್ 1ರಿಂದ 60 ದಾಟಿದವರ ಜೊತೆಗೆ ಇಂಥ ಕಾಯಿಲೆಗಳಿದ್ದ 45ರಿಂದ 59 ವರ್ಷದವರಿಗೂ ಲಸಿಕೆ ನೀಡಿದ್ದು ಇದೇ ಕಾರಣಕ್ಕೆ.

ಮೊದಲು, ಮನೆಯ ಪ್ರತಿಯೊಬ್ಬರ ಕಾಯಿಲೆ, ಮಾತ್ರೆಯ ಹೆಸರು, ಪ್ರಮಾಣ ಮತ್ತು ಅಲರ್ಜಿಗಳನ್ನು ಒಂದು ಹಾಳೆಯಲ್ಲಿ ಬರೆದಿಡಿ. ರಾತ್ರೋರಾತ್ರಿ ವೆನ್ಲಾಕ್‌ಗೋ ಅಜ್ಜರಕಾಡು ಆಸ್ಪತ್ರೆಗೋ ರೋಗಿಯನ್ನು ಕರೆದೊಯ್ದಾಗ ವೈದ್ಯರು ಮೊದಲು ಕೇಳುವುದು ಇದನ್ನೇ.

ಬಳಿಕ ಸಕ್ಕರೆ ಕಾಯಿಲೆಯತ್ತ ಗಮನ ಕೊಡಿ. ಹೆಚ್ಚು ಎಚ್ಚರ ಬೇಕಾದದ್ದು ಇಲ್ಲಿಯೇ. ರಕ್ತದಲ್ಲಿ ಸಕ್ಕರೆ ಏರಿದಾಗ ಬಿಳಿ ರಕ್ತಕಣಗಳು ರೋಗಾಣುಗಳನ್ನು ಹಿಡಿದು ಕೊಲ್ಲುವ ಶಕ್ತಿ ಕುಗ್ಗುತ್ತದೆ. ಸೋಂಕು ತಗುಲಿದರೆ ದೇಹದ ಒತ್ತಡದ ಹಾರ್ಮೋನುಗಳು ಆ ಸಕ್ಕರೆಯನ್ನು ಇನ್ನಷ್ಟು ಏರಿಸುತ್ತವೆ. ಉಸಿರಾಟದ ತೊಂದರೆಗೆ ಸ್ಟೀರಾಯ್ಡ್ ಕೊಡಬೇಕಾಗಿ ಬಂದರೆ ಮತ್ತೂ ಏರುತ್ತದೆ. 2021ರಲ್ಲಿ ಕಪ್ಪು ಶಿಲೀಂಧ್ರ ಕಾಡಿದವರಲ್ಲಿ ಹೆಚ್ಚಿನವರು ಮಧುಮೇಹಿಗಳಾಗಿದ್ದರು. ಆದ್ದರಿಂದ ಮೂರು ತಿಂಗಳ ಸರಾಸರಿ ತಿಳಿಸುವ ಎಚ್‌ಬಿಎ1ಸಿ ಪರೀಕ್ಷೆಯನ್ನು ಆರೋಗ್ಯವಾಗಿರುವಾಗಲೇ ಮಾಡಿಸಿ. ಜ್ವರ ಬಂದು ಕುಚ್ಚಲಕ್ಕಿ ಗಂಜಿಯಷ್ಟೇ ಸೇರುತ್ತಿರುವಾಗ, ಊಟ ಕಡಿಮೆಯಾಯಿತೆಂದು ಇನ್ಸುಲಿನ್ನನ್ನು ತಾವಾಗಿಯೇ ನಿಲ್ಲಿಸಬೇಡಿ. ದಿನಕ್ಕೆ ಹಲವು ಬಾರಿ ಸಕ್ಕರೆ ನೋಡಿ, ಪ್ರಮಾಣವನ್ನು ವೈದ್ಯರನ್ನು ಕೇಳಿ ಬದಲಿಸಿ.

ಬಿ.ಪಿ. ಮತ್ತು ಹೃದಯದ ಮಾತ್ರೆಗಳಿಗೂ ಇದೇ ಮಾತು. ಕೆಲವು ಬಿ.ಪಿ. ಮಾತ್ರೆಗಳು ಕೋವಿಡನ್ನು ಉಲ್ಬಣಿಸುತ್ತವೆಂಬ ಆತಂಕ 2020ರಲ್ಲಿ ಹಬ್ಬಿತ್ತು. ಅವನ್ನು ನಿಲ್ಲಿಸಬೇಕಿಲ್ಲವೆಂದು ಅಧ್ಯಯನಗಳು ತೋರಿಸಿದವು. ದಮ್ಮು ಇರುವವರು ಇನ್‌ಹೇಲರ್ ಬಿಡಬಾರದು, ಬೀಡಿ-ಸಿಗರೇಟು ಬಿಡಲೇಬೇಕು. ಫ್ಲೂ ಲಸಿಕೆಯ ಬಗ್ಗೆ ಮಳೆಗಾಲಕ್ಕೆ ಮೊದಲೇ ವೈದ್ಯರಲ್ಲಿ ವಿಚಾರಿಸುವುದು ಒಳ್ಳೆಯದು, ಏಕೆಂದರೆ ನಮ್ಮ ಕರಾವಳಿಯಲ್ಲಿ ಆ ಜ್ವರವೂ ಮಳೆಯೊಂದಿಗೆ ಏರುತ್ತದೆ.

ಉಸಿರಾಟದ ಸೋಂಕು ತಗುಲಿದ ಮೇಲೆ ಪಲ್ಸ್ ಆಕ್ಸಿಮೀಟರಿನಲ್ಲಿ ಆಮ್ಲಜನಕ ನೋಡುತ್ತಿರಿ. ಕೋವಿಡ್‌ನಲ್ಲಿ ಏದುಸಿರು ಬರುವ ಮೊದಲೇ ಅದು ಇಳಿದ ಉದಾಹರಣೆಗಳಿವೆ. ಉಗುರು ಬಣ್ಣ, ತಣ್ಣಗಿನ ಬೆರಳುಗಳಿಂದ ಅಂಕಿ ತಪ್ಪಬಹುದು. ಶೇ 94ಕ್ಕಿಂತ ಕೆಳಗೆ ಬಂದರೆ ಮನೆಯಲ್ಲಿ ಕಾಯದೆ ಆಸ್ಪತ್ರೆಗೆ ಹೋಗಿ. ದೀರ್ಘಕಾಲದ ಶ್ವಾಸಕೋಶದ ಕಾಯಿಲೆ ಇರುವವರು ತಮ್ಮ ಮಿತಿ ಎಷ್ಟೆಂದು ವೈದ್ಯರಿಂದ ಮೊದಲೇ ತಿಳಿದಿರಬೇಕು.

ಡಯಾಲಿಸಿಸ್ ಮಾಡಿಸುವವರಿಗೆ ಮನೆಯೊಳಗೇ ಉಳಿಯುವ ಅವಕಾಶವಿಲ್ಲ. ಸೋಂಕು ತಗುಲಿದರೆ ಎಲ್ಲಿ, ಯಾವ ಪಾಳಿಯಲ್ಲಿ ಡಯಾಲಿಸಿಸ್ ಸಿಗುತ್ತದೆ, ವಾಹನಕ್ಕೆ ಏನು ವ್ಯವಸ್ಥೆ ಎಂಬುದನ್ನು ತಮ್ಮ ಕೇಂದ್ರದಲ್ಲಿ ಈಗಲೇ ಕೇಳಿ, ಆ ಹಾಳೆಯಲ್ಲೇ ಬರೆದುಕೊಳ್ಳಿ.